ಗೀರು ಮೊದಲು ದೊಡ್ಡದಾಗಬೇಕು

ಯೌವನಸ್ಥರ ಆರಾಧನೆಯ ಸಂದೇಶ
ವಾಕ್ಯಭಾಗ: ಯೆಹೆಜ್ಕೇಲ 13:10–15, ಕೀರ್ತನೆ 32, ಅರಣ್ಯಕಾಂಡ 5:5–7

ಕೂತ್ಕೊಳ್ಳಿ. ಸತ್ಯವೇದವನ್ನ ತೆರೆದೇ ಇಟ್ಕೊಳ್ಳಿ. ಈಗ ಓದಿದ ಮೂರು ಭಾಗಗಳಿಗೂ ಮತ್ತೆ ಬರ್ತೀವಿ.

ಇವತ್ತು ನಾನು ಕಾರಿನ ಬಂಪರ್ ಬಗ್ಗೆ ಮಾತಾಡ್ತೀನಿ. ನಗ್ತಾ ಇದ್ದೀರಿ, ಪರವಾಗಿಲ್ಲ. ಬೆಂಗಳೂರಲ್ಲಿ ಗೀರು ಬೀಳದ ಬಂಪರ್ ಇದ್ರೆ ಆ ಕಾರು ಇನ್ನೂ ಶೋರೂಮ್ ಬಿಟ್ಟಿಲ್ಲ ಅಂತ ಅರ್ಥ. ಆದ್ರೆ ಇದು ನನ್ನ ಸ್ವಂತ ವಿಷಯ. ಹೇಳೋಕೆ ನನಗೆ ನಾಚಿಕೆ ಇದೆ. ಇದರಲ್ಲಿ ಬರೋ ಇಬ್ಬರ ಅನುಮತಿ ತಗೊಂಡೇ ಹೇಳ್ತಾ ಇದ್ದೀನಿ.

ಎರಡು ವರ್ಷದ ಹಿಂದೆ, ಜುಲೈ ತಿಂಗಳು. ಭಾನುವಾರದ ಯೌವನಸ್ಥರ ಕೂಟಕ್ಕೆ ಸ್ಪೀಕರ್, ಕೀಬೋರ್ಡ್ ಎಲ್ಲ ಸಾಗಿಸಬೇಕಿತ್ತು. ನಮ್ಮ ಸಭೆಯ ಹಿರಿಯರೊಬ್ಬರು, ನಾವೆಲ್ಲ ಅಂಕಲ್ ಅಂತೀವಿ, ತಮ್ಮ ಕಾರಿನ ಕೀ ಕೊಟ್ರು. ಸಿಲ್ವರ್ ಬಣ್ಣದ ಕಾರು, 11 ವರ್ಷ ಹಳೇದು, ಆದ್ರೂ ಮಗು ಥರ ನೋಡ್ಕೊಂಡಿದ್ರು. ಶುಕ್ರವಾರ ರಾತ್ರಿ ನಮ್ಮ ಅಪಾರ್ಟ್‌ಮೆಂಟ್ ಬೇಸ್‌ಮೆಂಟ್‌ನಲ್ಲಿ ರಿವರ್ಸ್ ತಗೊಳ್ಳುವಾಗ ಕಂಬಕ್ಕೆ ಉಜ್ಜಿತು. ಇಳಿದು ನೋಡಿದೆ. ಹಿಂದಿನ ಬಂಪರ್‌ನ ಎಡ ಮೂಲೆಯಲ್ಲಿ ನಾಲ್ಕು ಇಂಚು ಉದ್ದದ ಗೀರು. ಬಣ್ಣ ಎದ್ದು ಒಳಗಿನ ಕಪ್ಪು ಪ್ಲಾಸ್ಟಿಕ್ ಕಾಣ್ತಾ ಇತ್ತು.

ಆಗ ನಾನು ಏನು ಮಾಡಬೇಕಿತ್ತು? ಒಂದು ಫೋನ್. “ಅಂಕಲ್, ತಪ್ಪಾಯ್ತು, ಕಂಬಕ್ಕೆ ತಾಗಿಸಿಬಿಟ್ಟೆ.” ಅರ್ಧ ನಿಮಿಷದ ಮಾತು. ನಾನು ಏನು ಮಾಡಿದೆ? ಶನಿವಾರ ಜೆ.ಸಿ. ರೋಡ್‌ಗೆ ಹೋಗಿ ಸಣ್ಣ ಟಚ್-ಅಪ್ ಬಾಟ್ಲಿ ತಂದೆ. ರಾತ್ರಿ ಬೇಸ್‌ಮೆಂಟ್‌ನಲ್ಲಿ ಮೊಬೈಲ್ ಟಾರ್ಚ್ ಹಿಡ್ಕೊಂಡು ಗೀರಿನ ಮೇಲೆ ಬಣ್ಣ ಬಳಿದೆ. ತೊಳೀಲಿಲ್ಲ, ಉಜ್ಜಲಿಲ್ಲ, ಬರೀ ಬಳಿದೆ. ಟ್ಯೂಬ್‌ಲೈಟ್ ಬೆಳಕಲ್ಲಿ ಎಷ್ಟು ಚೆನ್ನಾಗಿ ಕಾಣ್ತು ಗೊತ್ತಾ? “ಕರ್ತನಿಗೆ ಸ್ತೋತ್ರ” ಅಂತ ಕೂಡ ಅಂದೆ. ಭಾನುವಾರ ಕೂಟದಲ್ಲಿ ಪ್ರಸಂಗ ಮಾಡಿ, ಸಂಜೆ ಕಾರು ತೊಳೆಸಿ ಕೊಟ್ಟೆ. ಅಂಕಲ್ ಹೇಳಿದ್ರು, “ಪಾಸ್ಟ್ರೇ, ತೊಳೆಸಿ ಬೇರೆ ಕೊಟ್ಟಿದ್ದೀರಲ್ಲ, ಈಗಿನ ಹುಡುಗರಲ್ಲಿ ಇಷ್ಟು ಜವಾಬ್ದಾರಿ ಎಲ್ಲಿದೆ!” ನಾನು ನಕ್ಕೆ. ಆ ನಗು ನನಗೆ ಇವತ್ತಿಗೂ ಚುಚ್ಚುತ್ತೆ.

ಆಗಸ್ಟ್ ಮಳೆ ಮುಗೀತು. ಸೆಪ್ಟೆಂಬರ್‌ನಲ್ಲಿ ಅಂಕಲ್ ಮನೆಯ ಡ್ರೈವರ್ ಅಣ್ಣ ಕಾರನ್ನ ವಾಟರ್ ಸರ್ವೀಸ್‌ಗೆ ಬಿಟ್ರು. ಜೋರಾಗಿ ನೀರು ಹೊಡೆದಾಗ ನಾನು ಬಳಿದ ಬಣ್ಣ ಸಿಪ್ಪೆ ಸಿಪ್ಪೆಯಾಗಿ ಎದ್ದು ಬಂತು. ಕಾರು ಮನೆಗೆ ಬಂದಾಗ ಕಪ್ಪು ಗೀರು ಎಲ್ಲರ ಕಣ್ಣಿಗೂ ಬಿತ್ತು. ಅವತ್ತು ಕಾರು ಓಡಿಸಿದ್ದು ಯಾರು? ಡ್ರೈವರ್. “ನಾನು ಎಲ್ಲೂ ತಾಗಿಸಿಲ್ಲ ಸಾರ್” ಅಂತ ಅವರು ಹೇಳಿದ್ರು. ಯಾರು ನಂಬ್ತಾರೆ? ಎರಡು ತಿಂಗಳ ಸಂಬಳದಲ್ಲಿ 1,500ರಂತೆ ಒಟ್ಟು 3,000 ರೂಪಾಯಿ ಹಿಡಿದ್ರು.

ಇದು ನನಗೆ ಗೊತ್ತಾಗಿದ್ದು ಹೇಗೆ ಅಂತ ಕೇಳಿ. ನವೆಂಬರ್ ಮೊದಲ ವಾರ ಅಂಕಲ್ ಮನೆಯಲ್ಲಿ ಪ್ರಾರ್ಥನಾ ಕೂಟ. ಕೊನೆಗೆ ಪ್ರಾರ್ಥನೆ ವಿಷಯಗಳನ್ನ ಕೇಳಿದೆ. ಅಂಕಲ್ ಹೇಳಿದ್ರು, “ನಮ್ಮ ಡ್ರೈವರ್‌ಗೋಸ್ಕರ ಪ್ರಾರ್ಥನೆ ಮಾಡಿ ಪಾಸ್ಟ್ರೇ. ಒಳ್ಳೇ ಹುಡುಗ, ಆದ್ರೆ ಸುಳ್ಳು ಹೇಳೋದು ಕಲ್ತಿದ್ದಾನೆ. ಬಂಪರ್ ಗೀರಿಸಿ ನಾನಲ್ಲ ಅಂತಾನೆ.”

ದೇವರ ಮಕ್ಕಳೇ, ನಾನು ಪ್ರಾರ್ಥನೆ ಮಾಡಿದೆ. ಬಾಯಿ ತುಂಬ ಮಾಡಿದೆ. “ಕರ್ತನೇ, ಆ ಸಹೋದರನಿಗೆ ಸತ್ಯವಾದ ಹೃದಯ ಕೊಡು” ಅಂದೆ. ಎಲ್ಲರೂ ಆಮೆನ್ ಅಂದ್ರು. ಹೊರಗೆ ಬಂದಾಗ ಅದೇ ಅಣ್ಣ ಎದ್ದು ನಿಂತು, “ನಮಸ್ತೆ ಸಾರ್” ಅಂತ ನನಗೆ ಗೇಟ್ ತೆಗೆದ್ರು.

ದಾವೀದನ ವಿಷಯ ನೆನಪಿದೆಯಲ್ಲ, 2 ಸಮುವೇಲ 12? ನಾತಾನ ಬಂದು ಒಬ್ಬ ಶ್ರೀಮಂತ ಬಡವನ ಒಂದೇ ಒಂದು ಕುರಿಮರಿಯನ್ನ ಕಿತ್ಕೊಂಡ ಕಥೆ ಹೇಳ್ತಾನೆ. ದಾವೀದನಿಗೆ ಕೋಪ ಉಕ್ಕಿ ಬರುತ್ತೆ. ಆ ಶ್ರೀಮಂತ ತಾನೇ ಅಂತ ಅವನಿಗೆ ಹೊಳೆಯೋದೇ ಇಲ್ಲ. ನನ್ನ ಸ್ಥಿತಿ ದಾವೀದನಿಗಿಂತ ಕೀಳು. ಅವನಿಗೆ ಗೊತ್ತಿರಲಿಲ್ಲ, ನನಗೆ ಗೊತ್ತಿತ್ತು.

ಈಗ ಯೆಹೆಜ್ಕೇಲ 13 ನೋಡಿ. ಜನ ಗಟ್ಟಿ ಇಲ್ಲದ ಗೋಡೆ ಕಟ್ತಾರೆ. ಪ್ರವಾದಿಗಳು ಬಂದು ಅದಕ್ಕೆ ಸುಣ್ಣ ಬಳೀತಾರೆ. ಸಮಾಧಾನ ಇಲ್ಲದ ಕಡೆ ಸಮಾಧಾನ ಇದೆ ಅಂತಾರೆ. ದೇವರು ಏನು ಹೇಳ್ತಾರೆ? ಮಳೆ ಬರುತ್ತೆ, ಆಲಿಕಲ್ಲು ಬೀಳುತ್ತೆ, ಬಿರುಗಾಳಿ ಬೀಸುತ್ತೆ, ಗೋಡೆ ಬೀಳುತ್ತೆ, ಅಸ್ತಿವಾರ ಬಯಲಾಗುತ್ತೆ. ಆಗ ಜನ ಕೇಳ್ತಾರೆ, ನೀವು ಬಳಿದ ಸುಣ್ಣ ಎಲ್ಲಿ ಹೋಯ್ತು ಅಂತ. ಗಮನಿಸಿ, ಅಲ್ಲಿ ಸುಣ್ಣ ಬಳಿದವರು ಹೊರಗಿನವರಲ್ಲ. ದೇವರ ಹೆಸರಲ್ಲಿ ಮಾತಾಡೋರು. ಮೈಕ್ ಹಿಡಿದವರು. ನನ್ನಂಥವರು.

ಆ ಕೂಟ ಆದಮೇಲೆ ಒಂಬತ್ತು ದಿನ ನಾನು ಸುಮ್ಮನಿದ್ದೆ. ಪ್ರಾರ್ಥನೆ ಮಾಡ್ತಾ ಇದ್ದೆ, ಅತ್ತೆ ಕೂಡ. “ಕರ್ತನೇ ಕ್ಷಮಿಸು” ಅಂತ ದೇವರ ಹತ್ರ ಹೇಳ್ದೆ. ಆದ್ರೆ ಅಂಕಲ್ ಹತ್ರ ಹೇಳಲಿಲ್ಲ, ಆ ಅಣ್ಣನ ಹತ್ರ ಹೇಳಲಿಲ್ಲ. ಕೀರ್ತನೆ 32ರಲ್ಲಿ ದಾವೀದ ಹೇಳೋದು ಇದನ್ನೇ. ಸುಮ್ಮನಿದ್ದಾಗ ಎಲುಬುಗಳು ಸವೆದವು, ಬೇಸಿಗೆಯ ಬಿಸಿಲಿಗೆ ಒಣಗಿದ ಹಾಗೆ ಸಾರ ಬತ್ತಿಹೋಯ್ತು. ಅದು ಕಾವ್ಯ ಅಂದ್ಕೊಂಡಿದ್ದೆ. ಅಲ್ಲ, ಅನುಭವ.

ಹತ್ತನೇ ದಿನ ಹೋದೆ. ಅಂಕಲ್‌ಗೆ ಎಲ್ಲ ಹೇಳಿದೆ. ಅವರು “ಪರವಾಗಿಲ್ಲ ಬಿಡಿ” ಅನ್ನಲಿಲ್ಲ. ತುಂಬ ಹೊತ್ತು ಮಾತಾಡದೆ ಕೂತ್ರು. ಆಮೇಲೆ ಡ್ರೈವರ್ ಅಣ್ಣನ್ನ ಒಳಗೆ ಕರೆದು, “ಈಗ ಇವನ ಮುಂದೆ ಹೇಳಿ ಪಾಸ್ಟ್ರೇ” ಅಂದ್ರು. ಹೇಳಿದೆ. ಕ್ಷಮೆ ಕೇಳಿದೆ. ಅಂಕಲ್ ಕೂಡ ಕೇಳಿದ್ರು. ಆ ಅಣ್ಣ ನನ್ನ ಮುಖ ನೋಡಲಿಲ್ಲ. ಒಂದೇ ಮಾತು ಹೇಳಿದ್ರು. “ದುಡ್ಡು ಬಿಡಿ ಸಾರ್. ನಮ್ಮನೇಲಿ ನನ್ನ ಹೆಂಡ್ತಿ ಕೂಡ ನಂಬಿರಲಿಲ್ಲ.”

ನಾಲ್ಕು ಇಂಚಿನ ಗೀರು ಅಂದ್ಕೊಂಡಿದ್ದೆ. ಅದು ಒಬ್ಬರ ಅಡುಗೆಮನೆ ತನಕ ಹೋಗಿತ್ತು.

ಅರಣ್ಯಕಾಂಡ 5ರಲ್ಲಿ ಒಂದು ನಿಯಮ ಇದೆ. ಒಬ್ಬನಿಗೆ ಅನ್ಯಾಯ ಮಾಡಿದವನು ಪಾಪವನ್ನ ಅರಿಕೆ ಮಾಡಬೇಕು, ಪೂರ್ತಿ ಹಿಂದಿರುಗಿಸಬೇಕು, ಅದರ ಜೊತೆ ಐದನೇ ಒಂದು ಪಾಲು ಸೇರಿಸಿ ಕೊಡಬೇಕು. ಹಾಗಾಗಿ ಮಾರನೇ ದಿನ 3,600 ರೂಪಾಯಿ ತಗೊಂಡು ಅವರ ಮನೆಗೇ ಹೋದೆ. ಅವರ ಹೆಂಡತಿ ಮುಂದೆ ನಡೆದಿದ್ದನ್ನ ಹೇಳಿದೆ. ಆ ಅಣ್ಣ ದುಡ್ಡು ಎಣಿಸಿ, “600 ಜಾಸ್ತಿ ಇದೆ ಸಾರ್” ಅಂದ್ರು. ಸತ್ಯವೇದದ ಲೆಕ್ಕ ಹೇಳಿದೆ. “ಬಡ್ಡೀನಾ ಸಾರ್?” ಅಂತ ಮೊದಲನೇ ಸಲ ನಕ್ರು.

ಒಂದು ಮಾತು ಸ್ಪಷ್ಟ ಮಾಡ್ತೀನಿ. 3,600 ಕೊಟ್ಟು ನಾನು ಕ್ಷಮೆ ಕೊಂಡ್ಕೊಳ್ಳಲಿಲ್ಲ. ಕ್ಷಮೆ ಯೇಸುವಿನ ರಕ್ತದಿಂದ, ಪೂರ್ತಿ ಉಚಿತ. ಲೂಕ 19ರ ಜಕ್ಕಾಯನನ್ನ ನೋಡಿ. ಯೇಸು ಮೊದಲು ಅವನ ಮನೆಗೆ ಬಂದ್ರು. ನಾಲ್ಕರಷ್ಟು ಹಿಂದೆ ಕೊಡ್ತೀನಿ ಅಂತ ಜಕ್ಕಾಯ ಹೇಳಿದ್ದು ಆಮೇಲೆ. ಕೃಪೆ ಮನೆಯೊಳಗೆ ಬಂದ್ರೆ ಕೈ ತಾನಾಗಿ ಜೇಬಿಗೆ ಹೋಗುತ್ತೆ. ಆಮೆನ್ ಅಂತೀರಾ?

ಈಗ ಬಂಪರ್. ಆ ಅಣ್ಣ ಹಿಂದೆ ಮೂರು ವರ್ಷ ಟಿಂಕರಿಂಗ್ ಶೆಡ್‌ನಲ್ಲಿ ಕೆಲಸ ಮಾಡಿದ್ರಂತೆ. “ಗ್ಯಾರೇಜ್ ಬೇಡ ಸಾರ್, ಸಾಮಾನು ತನ್ನಿ, ಶನಿವಾರ ಮನೇಲೇ ಮಾಡೋಣ. ಆದ್ರೆ ಉಜ್ಜೋದು ನೀವು” ಅಂದ್ರು. ಅಂಕಲ್ ಮನೆ ಪೋರ್ಟಿಕೋದಲ್ಲಿ ಶುರು ಮಾಡಿದ್ವಿ. ಆ ಶನಿವಾರ ನಾನು ಕಲ್ತಿದ್ದನ್ನ ಬೈಬಲ್ ಕಾಲೇಜಲ್ಲೂ ಕಲ್ತಿರಲಿಲ್ಲ.

ಮೊದಲು ಶಾಂಪೂ ಹಾಕಿ ಬಂಪರ್ ಪೂರ್ತಿ ತೊಳೆಸಿದ್ರು. ಕೊಳೆ ಮೇಲೆ ಉಜ್ಜಿದ್ರೆ ಆ ಮಣ್ಣೇ ಹೊಸ ಗೀರು ಮಾಡುತ್ತೆ. ತೊಳೆದ ಮೇಲೆ ನೋಡಿದ್ರೆ ಅಲ್ಲಿ ಒಂದಲ್ಲ, ಮೂರು ಥರ ಗುರುತುಗಳು.

ಒಂದು ಕಡೆ ಹಸಿರು ಪಟ್ಟೆ ಇತ್ತು. ನಾನು ಅದೂ ಗೀರು ಅಂದ್ಕೊಂಡೆ. ಅಣ್ಣ ಹೇಳಿದ್ರು, “ಇದು ನಮ್ಮ ಬಣ್ಣ ಹೋಗಿರೋದಲ್ಲ ಸಾರ್, ಯಾವ್ದೋ ಆಟೋದ ಬಣ್ಣ ಅಂಟ್ಕೊಂಡಿರೋದು.” ಬಟ್ಟೆಗೆ ಸ್ವಲ್ಪ ರಬ್ಬಿಂಗ್ ಕಾಂಪೌಂಡ್ ಹಾಕಿ ಮೆಲ್ಲಗೆ ಉಜ್ಜಿದ್ರು. ಹಸಿರು ಹೋಯ್ತು, ಕೆಳಗೆ ಸಿಲ್ವರ್ ಹಾಗೇ ಇತ್ತು. ಯೌವನಸ್ಥರೇ, ಇಲ್ಲಿ ಕೂತಿರೋ ಕೆಲವರು ನಿಮ್ಮದಲ್ಲದ ಬಣ್ಣವನ್ನ ಹೊತ್ಕೊಂಡಿದ್ದೀರಿ. ಚಿಕ್ಕವರಿದ್ದಾಗ ಯಾರೋ ನಿಮಗೆ ಮಾಡಿದ ಕೆಟ್ಟದ್ದು. ಮನೆಯಲ್ಲಿ ಯಾರೋ ಕುಡಿದು ಬಂದು ಆಡಿದ ಮಾತು. ಅದು ನಿಮ್ಮ ಪಾಪ ಅಲ್ಲ. ಅದಕ್ಕೆ ನೀವು ಕ್ಷಮೆ ಕೇಳಬೇಕಾಗಿಲ್ಲ. ಬೇರೆಯವರು ಉಜ್ಜಿಕೊಂಡು ಹೋದ ಗುರುತು ಅದು. ನಿಮ್ಮ ಕೆಳಗಿನ ಬಣ್ಣ, ದೇವರು ಕೊಟ್ಟ ಬಣ್ಣ, ಹಾಗೇ ಇದೆ.

ಎರಡನೇದು, ಸಣ್ಣ ಸಣ್ಣ ಗೆರೆಗಳು. ಅಣ್ಣ ಅದರ ಮೇಲೆ ನೀರು ಹಾಕಿದ್ರು, ಗೆರೆ ಮಾಯ. ಒಣಗಿದ ಮೇಲೆ ಮತ್ತೆ ಕಾಣ್ತು. ಉಗುರಿನ ತುದಿ ಅಡ್ಡ ಎಳೆದ್ರು, ಎಲ್ಲೂ ಸಿಕ್ಕಿಕೊಳ್ಳಲಿಲ್ಲ. ಅಂದ್ರೆ ಮೇಲಿನ ಪಾರದರ್ಶಕ ಪದರ, ಕ್ಲಿಯರ್ ಕೋಟ್, ಅಷ್ಟಕ್ಕೇ ತಾಗಿದೆ. ಪಾಲಿಶ್ ಸಾಕು. ಇದಕ್ಕೆ ಉಪ್ಪುಕಾಗದ ಹಿಡಿದು ಪ್ಲಾಸ್ಟಿಕ್ ತನಕ ಕೆರೆಯೋದು ಮೂರ್ಖತನ. ನಮ್ಮಲ್ಲಿ ಕೆಲವರು ಹಾಗೆ ಮಾಡ್ತೀವಿ. ಬೆಳಗ್ಗೆ ಅಮ್ಮನ ಮೇಲೆ ರೇಗಿದ್ದಕ್ಕೆ ನನ್ನ ರಕ್ಷಣೆಯೇ ಹೋಯ್ತೇನೋ ಅಂತ ವಾರಗಟ್ಟಲೆ ಒದ್ದಾಡ್ತೀವಿ. ಯೋಹಾನ 13ರಲ್ಲಿ ಯೇಸು ಪೇತ್ರನಿಗೆ ಏನು ಹೇಳಿದ್ರು? ಸ್ನಾನ ಆದವನಿಗೆ ಕಾಲು ತೊಳೆದ್ರೆ ಸಾಕು ಅನ್ನೋ ಅರ್ಥದಲ್ಲಿ ಹೇಳಿದ್ರು. ಅಮ್ಮನಿಗೆ ಫೋನ್ ಮಾಡಿ, “ಸಾರಿ ಅಮ್ಮ” ಅನ್ನಿ. ಕಾಲು ತೊಳೆದ ಹಾಗಾಯ್ತು. ಮುಂದೆ ನಡೀರಿ.

ಮೂರನೇದು ನನ್ನದು. ಉಗುರು ಸಿಕ್ಕಿಕೊಳ್ತು. ಕಪ್ಪು ಕಾಣ್ತಾ ಇತ್ತು. ಇದಕ್ಕೆ ನೀರು ಸಾಲದು, ಪಾಲಿಶ್ ಸಾಲದು.

ನಾನು ಸ್ಪ್ರೇ ಡಬ್ಬಿ ಕೈಗೆ ತಗೊಂಡೆ. ಅಣ್ಣ ಕಿತ್ಕೊಂಡ್ರು. “ಮತ್ತೆ ಅದೇ ತಪ್ಪಾ ಸಾರ್? ಮೊದಲು ಗೀರು ದೊಡ್ಡದು ಮಾಡ್ಬೇಕು.”

ಪಕ್ಕದವರಿಗೆ ಹೇಳಿ, ಗೀರು ಮೊದಲು ದೊಡ್ಡದಾಗಬೇಕು!

ಸುತ್ತ ಮಾಸ್ಕಿಂಗ್ ಟೇಪ್ ಅಂಟಿಸಿ, 400 ನಂಬರ್ ವಾಟರ್ ಪೇಪರ್ ನೀರಲ್ಲಿ ನೆನೆಸಿ ಕೊಟ್ರು. ಉಜ್ಜಿದೆ. ನಾನು ಬಳಿದ ಹಳೇ ಟಚ್-ಅಪ್ ಎಲ್ಲ ಮೊದಲು ಹೋಯ್ತು. ಆಮೇಲೆ ಗೀರಿನ ಅಂಚು, ಅದರ ಆಚೆಗಿನ ಒಳ್ಳೇ ಬಣ್ಣ ಕೂಡ ಹೋಗ್ತಾ ಬಂತು. ನಾಲ್ಕು ಇಂಚು ಇದ್ದದ್ದು ಒಂದು ಅಡಿ ಆಯ್ತು. ನನಗೆ ಹೆದರಿಕೆ. “ಅಣ್ಣ, ಸಾಕಲ್ವಾ?” “ಕಣ್ಣು ಮುಚ್ಚಿ ಬೆರಳು ಆಡ್ಸಿ ಸಾರ್. ಅಂಚು ಕೈಗೆ ಸಿಗುತ್ತಾ?” ಸಿಗ್ತಾ ಇತ್ತು. “ಹಾಗಿದ್ರೆ ಉಜ್ಜಿ. ಅಂಚು ಉಳಿದ್ರೆ ಎಷ್ಟು ಬಣ್ಣ ಹೊಡೆದ್ರೂ ಗೆರೆ ಎದ್ದು ಕಾಣುತ್ತೆ.” ಆಮೇಲೆ 600 ನಂಬರ್. ಮಧ್ಯದಲ್ಲಿ ಅಂಕಲ್ ಹೊರಗೆ ಬಂದು ನೋಡಿ, “ಇದೇನ್ರೋ, ಇನ್ನೂ ಹಾಳು ಮಾಡಿದ್ದೀರಿ!” ಅಂದ್ರು. ಹಾಗೇ ಕಾಣ್ತಾ ಇತ್ತು.

ಅರಿಕೆ ಮಾಡೋದು ಅಂದ್ರೆ ಇದು. ಇವತ್ತಿನವರೆಗೆ ನಿಮಗೆ ಮಾತ್ರ ಗೊತ್ತಿದ್ದದ್ದು ಈಗ ಎರಡನೆಯವರಿಗೆ, ಮೂರನೆಯವರಿಗೆ ಗೊತ್ತಾಗುತ್ತೆ. ಹೆಸರು ಕೆಡುತ್ತೆ. ಗೀರು ದೊಡ್ಡದಾಗುತ್ತೆ. ಅದಕ್ಕೇ ನಾವು ಉಜ್ಜೋ ಕಾಗದ ಬಿಟ್ಟು ಬಣ್ಣದ ಡಬ್ಬಿಗೆ ಕೈ ಹಾಕೋದು. ಆಫೀಸ್ ಖರ್ಚಿನ ಲೆಕ್ಕದಲ್ಲಿ ಸುಳ್ಳು ಬಿಲ್ ಹಾಕಿ, ಭಾನುವಾರ ಕಾಣಿಕೆ ಜಾಸ್ತಿ ಹಾಕ್ತೀವಿ. ಒಬ್ಬರ ಬಗ್ಗೆ ಇಲ್ಲದ್ದು ಹೇಳಿ ಹೆಸರು ಕೆಡಿಸಿ, ಅವರಿಗೋಸ್ಕರ ಉಪವಾಸ ಪ್ರಾರ್ಥನೆ ಮಾಡ್ತೀವಿ. ರಾತ್ರಿ ಮೊಬೈಲ್‌ನಲ್ಲಿ ನೋಡಬಾರದ್ದು ನೋಡಿ, ಬೆಳಗ್ಗೆ ಕೈ ಎತ್ತಿ ಅನ್ಯಭಾಷೆಯಲ್ಲಿ ಸ್ತೋತ್ರ ಮಾಡ್ತೀವಿ. ಅಭಿಷೇಕವನ್ನ ನಾವು ಟಚ್-ಅಪ್ ಬಾಟ್ಲಿ ಥರ ಬಳಸ್ತೀವಿ. ಪವಿತ್ರಾತ್ಮನು ಸುಣ್ಣ ಅಲ್ಲ!

ಆಮೇಲೆ ಗೊತ್ತಾಯ್ತು, ಹೆಚ್ಚಿನ ಕಾರುಗಳ ಬಂಪರ್ ಪಾಲಿಪ್ರೊಪಿಲೀನ್ ಅನ್ನೋ ಪ್ಲಾಸ್ಟಿಕ್‌ನಿಂದ ಮಾಡಿರ್ತಾರೆ. ಬಣ್ಣ ಅದರ ಮೇಲೆ ಸುಲಭವಾಗಿ ಹಿಡಿಯಲ್ಲ. ಹಾಗಾಗಿ ಬರೀ ಪ್ಲಾಸ್ಟಿಕ್ ಕಂಡ ಜಾಗಕ್ಕೆ ಮೊದಲು ಪ್ಲಾಸ್ಟಿಕ್ ಪ್ರೈಮರ್ ಹೊಡೀಬೇಕು. ಅದಕ್ಕೂ ಮುಂಚೆ ಐಸೊಪ್ರೊಪೈಲ್ ಆಲ್ಕೋಹಾಲ್‌ನಿಂದ ಒರೆಸಿ ಎಣ್ಣೆ, ವ್ಯಾಕ್ಸ್ ಏನೂ ಇಲ್ಲದ ಹಾಗೆ ಮಾಡ್ಬೇಕು. ಹಳೇ ಪಾಲಿಶ್‌ನ ಹೊಳಪು ಉಳಿದ್ರೂ ಹೊಸ ಬಣ್ಣ ನಿಲ್ಲಲ್ಲ. ನಿಮ್ಮ ಹಳೇ ಹೊಳಪನ್ನೇ ದೇವರು ಒರೆಸ್ತಾ ಇದ್ದಾರಾ? ಸ್ಟೇಜ್ ಇಲ್ಲ, ಹಾಡೋ ಅವಕಾಶ ಇಲ್ಲ, ಯಾರೂ ಕರೀತಾ ಇಲ್ಲವಾ? ಗಾಬರಿ ಆಗಬೇಡಿ. ಹಿಡಿಯೋ ಹಾಗೆ ಮಾಡ್ತಾ ಇದ್ದಾರೆ.

ಮುಖಕ್ಕೆ ಮಾಸ್ಕ್ ಹಾಕ್ಕೊಂಡು ಪ್ರೈಮರ್ ಹೊಡೆದ್ವಿ. ಒಣಗಿದ ಮೇಲೆ 1000 ನಂಬರ್‌ನಿಂದ ಮೆಲ್ಲಗೆ ಉಜ್ಜಿ, ಬಣ್ಣ ಶುರು ಮಾಡಿದ್ವಿ. ಬಣ್ಣದ ಕೋಡ್ ಕಾರಿನ ಮೇಲಿರೋ ಸ್ಟಿಕ್ಕರ್‌ನಲ್ಲೇ ಸಿಕ್ತು. ಡಬ್ಬಿಯನ್ನ ಚೆನ್ನಾಗಿ ಅಲ್ಲಾಡಿಸಿ, ಸುಮಾರು ಒಂದು ಗೇಣು ದೂರದಿಂದ, ತೆಳ್ಳಗೆ ಒಂದು ಪದರ. ಹತ್ತು ಹದಿನೈದು ನಿಮಿಷ ಕಾಯಬೇಕು. ಮತ್ತೊಂದು ತೆಳ್ಳನೆ ಪದರ. ಎರಡನೇದು ಹೊಡೆದ್ರೂ ಮಂಕಾಗಿಯೇ ಇತ್ತು, ಹೊಳಪೇ ಇಲ್ಲ. ನಾನು ಅವಸರ ಬಿದ್ದು ಮೂರನೇದು ದಪ್ಪಗೆ ಹೊಡೆದೆ. ಬಣ್ಣ ಕಣ್ಣೀರಿನ ಹಾಗೆ ಕೆಳಗೆ ಇಳೀತು. ಅಣ್ಣ ಬೈದ್ರು. ಅದು ಒಣಗೋ ತನಕ ಕಾದು, ಮತ್ತೆ ಉಜ್ಜಿ, ಮತ್ತೆ ಹೊಡೀಬೇಕಾಯ್ತು. “ಈ ಬಣ್ಣ ಹೀಗೇ ಮಂಕಾಗಿರುತ್ತೆ ಸಾರ್. ಹೊಳಪು ಇದರದ್ದಲ್ಲ, ಮೇಲೆ ಬರೋ ಕ್ಲಿಯರ್ ಕೋಟ್‌ದು.”

ಅರಿಕೆ ಮಾಡಿದ ಮಾರನೇ ದಿನವೇ ಆನಂದ ಉಕ್ಕುತ್ತೆ ಅಂತ ನಾನು ಭರವಸೆ ಕೊಡಲ್ಲ. ನನಗೆ ಕೆಲವು ವಾರ ಎಲ್ಲ ಮಂಕಾಗಿತ್ತು. ಅಂಕಲ್ ಮುಖ ನೋಡೋಕೆ ಕಷ್ಟ. ಸೀನಿಯರ್ ಪಾಸ್ಟರ್‌ಗೆ ಹೇಳಿದೆ, ಅವರು ಒಂದು ತಿಂಗಳು ನನಗೆ ಪ್ರಸಂಗ ಕೊಡಲಿಲ್ಲ. ಅದು ಸರಿಯೇ. ಯೇಸು ಶಿಷ್ಯರಿಗೆ ಯೆರೂಸಲೇಮಿನಲ್ಲೇ ಕಾದುಕೊಂಡಿರಿ ಅಂದ್ರು. ಅವರು ಪರಲೋಕಕ್ಕೆ ಏರಿದ ದಿನದಿಂದ ಪಂಚಾಶತ್ತಮ ದಿನದವರೆಗೆ ಶಿಷ್ಯರು ಕಾದ್ರು. ಆ ಕೋಣೆಯಲ್ಲಿ ಯಾರಿದ್ರು? ಮೂರು ಸಲ ಯೇಸು ಗೊತ್ತೇ ಇಲ್ಲ ಅಂದಿದ್ದ ಪೇತ್ರ ಇದ್ದ. ಬಿಟ್ಟು ಓಡಿಹೋದವರು ಇದ್ರು. ಹೊಳಪು ಅವರದ್ದಲ್ಲ, ಮೇಲಿನಿಂದ ಬಂತು. ಹಲ್ಲೆಲೂಯಾ!

ಕ್ಲಿಯರ್ ಕೋಟ್ ಹೊಡೆದು ಕಾರನ್ನ ಎರಡು ದಿನ ಮುಟ್ಟಲಿಲ್ಲ. ಆಮೇಲೆ 2000 ನಂಬರ್ ಪೇಪರ್, ಕಾಂಪೌಂಡ್, ಕೊನೆಗೆ ಮೃದು ಬಟ್ಟೆ. ಚೆನ್ನಾಗಿ ಬಂತು. ಪೂರ್ತಿ ಕಾಣಲ್ವಾ ಅಂದ್ರೆ, ಸುಳ್ಳು ಹೇಳಲ್ಲ. ಸಿಲ್ವರ್ ಥರ ಮೆಟಾಲಿಕ್ ಬಣ್ಣವನ್ನ ಮನೇಲಿ ಸರಿಯಾಗಿ ಹೊಂದಿಸೋದು ಕಷ್ಟ. ಬೆಳಗಿನ ಬಿಸಿಲಲ್ಲಿ ಓರೆಯಾಗಿ ನೋಡಿದ್ರೆ ಒಂದು ನೆರಳಿನಷ್ಟು ವ್ಯತ್ಯಾಸ ಇದೆ. ಆದ್ರೆ ಎರಡು ಮಳೆಗಾಲ ಆಯ್ತು, ಎಷ್ಟೋ ವಾಟರ್ ಸರ್ವೀಸ್ ಆಯ್ತು, ಒಂದು ಚೂರೂ ಎದ್ದಿಲ್ಲ. ಅಂಕಲ್ ಇನ್ನೂ ನನಗೆ ಕೀ ಕೊಟ್ಟಿಲ್ಲ. ನಾನೂ ಕೇಳಿಲ್ಲ. ನಂಬಿಕೆಯ ಬಣ್ಣ ಒಣಗೋಕೆ ಹೆಚ್ಚು ದಿನ ಬೇಕು.

ಕೊನೆಯದಾಗಿ ಕೀರ್ತನೆ 32ಕ್ಕೆ ಬನ್ನಿ. ಮೊದಲನೇ ವಚನದಲ್ಲಿ, ಯಾರ ಪಾಪ ಮುಚ್ಚಲ್ಪಟ್ಟಿದೆಯೋ ಅವನು ಧನ್ಯ ಅನ್ನೋ ಮಾತಿದೆ. ಐದನೇ ವಚನದಲ್ಲಿ ದಾವೀದ, ನಾನು ನನ್ನ ಪಾಪವನ್ನ ಮುಚ್ಚಲಿಲ್ಲ ಅಂತಾನೆ. ಹೀಬ್ರೂ ಮೂಲದಲ್ಲಿ ಎರಡೂ ಕಡೆ ಒಂದೇ ಕ್ರಿಯಾಪದ ಇದೆ. ಒಂದು ಕಡೆ ಮುಚ್ಚೋದು ದೇವರು, ಇನ್ನೊಂದು ಕಡೆ ಮುಚ್ಚೋದನ್ನ ಬಿಟ್ಟವನು ಮನುಷ್ಯ. ನಾನು ಮುಚ್ಚಿದ್ದು ಸಿಪ್ಪೆ ಎದ್ದು ಇನ್ನೊಬ್ಬರ ತಲೆ ಮೇಲೆ ಬಿತ್ತು. ನಾನು ಕೈ ತೆಗೆದಾಗ ದೇವರು ಮುಚ್ಚಿದ್ದು ನಿಂತಿದೆ.

ಎಲ್ಲರೂ ಎದ್ದು ನಿಲ್ಲೋಣ. ಕಣ್ಣು ಮುಚ್ಚಿ. ಮ್ಯೂಸಿಕ್ ಈಗ ಬೇಡ, ದಯವಿಟ್ಟು. ಭಾವನೆಯಲ್ಲಿ ತೇಲಿ ಹೋಗೋದು ಬೇಡ.

ನಿಮ್ಮ ತಪ್ಪಿಗೆ ಈ ಹೊತ್ತು ಬೇರೆ ಯಾರಾದ್ರೂ ಬೆಲೆ ಕಟ್ತಾ ಇದ್ದಾರಾ? ತಮ್ಮನಾ? ಜೊತೆ ಕೆಲಸ ಮಾಡೋರಾ? ಮನೆಕೆಲಸದ ಅಕ್ಕನಾ? ಆ ಒಂದು ಹೆಸರನ್ನ ದೇವರ ಮುಂದೆ ಹೇಳಿ. ಇವತ್ತು ಮಲಗೋ ಮುಂಚೆ ಅವರಿಗೆ ಫೋನ್ ಮಾಡಿ. ಮೆಸೇಜ್ ಬೇಡ, ಫೋನ್. ನೆಪ ಹೇಳಬೇಡಿ. “ನಾನು ಮಾಡಿದ್ದು” ಅನ್ನಿ. ದುಡ್ಡು ಇದ್ರೆ ಹಿಂದೆ ಕೊಡಿ. ಅವರು ಕ್ಷಮಿಸದೆ ಇರಬಹುದು, ಅದು ಅವರ ಹಕ್ಕು. ವಿಷಯ ದೊಡ್ಡದು, ಒಬ್ಬರೇ ಹೋಗೋಕೆ ಭಯ ಅನ್ಸಿದ್ರೆ ನನ್ನ ಹತ್ರ ಬನ್ನಿ, ಜೊತೆಗೆ ಹೋಗೋಣ. ಬೇರೆಯವರ ಬಣ್ಣ ಹೊತ್ತವರೂ ಬನ್ನಿ. ನೀವು ಅರಿಕೆ ಮಾಡೋದು ಏನೂ ಇಲ್ಲ, ಅಳೋಕೆ ಒಂದು ಜಾಗ ಬೇಕು ಅಷ್ಟೇ.

ಪ್ರಾರ್ಥಿಸೋಣ.

ತಂದೆಯೇ, ಸುಣ್ಣ ಬಳಿಯೋ ಕೈ ನಮ್ಮದು, ಕ್ಷಮಿಸಿ. ಉಜ್ಜುವಾಗ ನಾವು ಓಡಿಹೋಗದ ಹಾಗೆ ಹಿಡ್ಕೊಳ್ಳಿ. ನಮ್ಮಿಂದ ನೊಂದವರಿಗೆ ನ್ಯಾಯ ಸಿಗಲಿ. ಆ ಅಣ್ಣನ ಮನೆಯನ್ನ ಆಶೀರ್ವದಿಸಿ. ನಾವು ತೆರೆದಿಟ್ಟಿದ್ದನ್ನ ನಿಮ್ಮ ಮಗನ ರಕ್ತದಿಂದ ನೀವೇ ಮುಚ್ಚಿರಿ. ಯೇಸುವಿನ ನಾಮದಲ್ಲಿ ಬೇಡುತ್ತೇವೆ, ತಂದೆಯೇ. ಆಮೆನ್.